ಅಡುಗೆ ಪುಸ್ತಕದಿಂದ ಶುರುವಾದ ನಾಟಕಗಾರ್ತಿ

ಪ್ರಶ್ನೆ: ಮೇಡಂ, ಅಮೆರಿಕನ್ ನಾಟಕ ಅಂದ್ರೆ ನಮಗೆ ಗೊತ್ತಿರೋದು ಆರ್ಥರ್ ಮಿಲ್ಲರ್, ಟೆನ್ನೆಸ್ಸಿ ವಿಲಿಯಮ್ಸ್, ಅಲ್ಲಿಗೆ ಮುಗೀತು. ಆ ದಾರಿ ಬಿಟ್ಟು ಬರೆದೋರು ಯಾರಿದಾರೆ?
— ಓದುಗರು, ಧಾರವಾಡ

ಉತ್ತರ: ಸುಮಾರು ಜನ ಇದಾರೆ, ಆದ್ರೆ ನನ್ನ ಓಟು ಮರಿಯಾ ಐರೀನ್ ಫೋರ್ನೆಸ್‌ಗೆ. 1930ರಲ್ಲಿ ಹವಾನಾದಲ್ಲಿ ಹುಟ್ಟಿ 1945ರಲ್ಲಿ ನ್ಯೂಯಾರ್ಕಿಗೆ ಬಂದೋರು, ಕಲಿತಿದ್ದು ಪೇಂಟಿಂಗು. ಪ್ಯಾರಿಸ್ಸಲ್ಲಿದ್ದಾಗ ಸ್ಯಾಮ್ಯುಯೆಲ್ ಬೆಕೆಟ್‌ನ ‘ವೇಟಿಂಗ್ ಫಾರ್ ಗೋಡೋ’ ನಾಟಕ ನೋಡಿದ್ರು, ಫ್ರೆಂಚ್ ಬರ್ತಿರ್ಲಿಲ್ಲ, ಆದ್ರೂ ಅದು ತಲೆಯಲ್ಲಿ ಕೂತುಬಿಡ್ತು. ಆಮೇಲೆ 1961ರಲ್ಲಿ ಒಂದಿನ ಗೆಳತಿ, ಲೇಖಕಿ ಸೂಸನ್ ಸಾಂಟಾಗ್ ಕಾದಂಬರಿ ಬರೀಬೇಕು, ಆಗ್ತಾನೇ ಇಲ್ಲ ಅಂತ ಗೋಳಾಡ್ತಿದ್ದಾಗ ಇವರು ಅದೇನ್ ಮಹಾ, ನಡಿ ಮನೆಗೆ, ಈಗ್ಲೇ ಕೂರೋಣ ಅಂತ ಎಬ್ಬಿಸ್ಕೊಂಡು ಹೋಗಿ, ತಾವೂ ಜೊತೆಗೆ ಕೂತು, ಏನು ಬರೀಬೇಕು ತೋಚದೆ ಕೈಗೆ ಸಿಕ್ಕ ಅಡುಗೆ ಪುಸ್ತಕ ತೆಗೆದು ಅದರ ಒಂದೊಂದು ವಾಕ್ಯದ ಮೊದಲ ಪದ ಹಿಡ್ಕೊಂಡು ತಮ್ಮ ವಾಕ್ಯ ಕಟ್ತಾ ಹೋದ್ರು. ಇವರ ರೈಟಿಂಗ್ ಶುರುವಾಗಿದ್ದು ಹಿಂಗೆ.

ಪ್ರಶ್ನೆ: ಪ್ರೇಕ್ಷಕರನ್ನ ರೂಮಿಂದ ರೂಮಿಗೆ ಓಡಾಡಿಸೋ ನಾಟಕ ಇವರದ್ದೇನಾ? ಸುಮ್ನೆ ಗಿಮಿಕ್ ಅನ್ಸಲ್ವಾ?
— ಓದುಗರು, ಮೈಸೂರು

ಉತ್ತರ: ಇವರದ್ದೇ, 1977ರ ‘ಫೆಫು ಆ್ಯಂಡ್ ಹರ್ ಫ್ರೆಂಡ್ಸ್’. ಗಿಮಿಕ್ ಅಂತ ನಂಗನ್ಸಲ್ಲ. ನಾಟಕ ಆಡೋಕೆ ಜಾಗ ಹುಡುಕ್ತಾ ಹೋದಾಗ ಅಲ್ಲಿದ್ದ ರೂಮುಗಳು, ಅಡುಗೆಮನೆ ಎಲ್ಲಾ ನೋಡಿ, ಇಲ್ಲೇ ಒಂದೊಂದು ಸೀನ್ ಆಡಿಸಿದ್ರೆ ಹೆಂಗೆ ಅಂತ ಹೊಳೆದಿದ್ದು. 1935ರ ಕಾಲ, ಎಂಟು ಜನ ಹೆಂಗಸರು ಒಂದು ಮನೆಯಲ್ಲಿ ಸೇರ್ತಾರೆ. ಎರಡನೇ ಭಾಗಕ್ಕೆ ಪ್ರೇಕ್ಷಕರನ್ನ ನಾಲ್ಕು ಗುಂಪು ಮಾಡಿ ಹುಲ್ಲುಹಾಸು, ಓದೋ ಕೋಣೆ, ಬೆಡ್‌ರೂಮು, ಅಡುಗೆಮನೆಗೆ ಕಳಿಸ್ತಾರೆ, ನಾಲ್ಕೂ ಸೀನು ಒಟ್ಟೊಟ್ಟಿಗೆ ನಡೆಯುತ್ತೆ, ಒಂದೊಂದನ್ನೂ ನಾಲ್ಕು ಸಲ ಆಡ್ಬೇಕು. ಅಡುಗೆಮನೆಯಲ್ಲಿ ಪೌಲಾ ಒಂದು ಲವ್ ಅಫೇರ್ ಎಷ್ಟು ಕಾಲ ಬಾಳುತ್ತೆ ಅಂತ ಲೆಕ್ಕ ಕೊಡ್ತಾಳೆ, ಏಳು ವರ್ಷ ಮೂರು ತಿಂಗಳಂತೆ. ಪಕ್ಕದಲ್ಲೇ ಸೂ ಬಿಸಿ ಮಾಡಿದ ಸೂಪನ್ನ ಬೌಲಿಗೆ ಹಾಕ್ಕೊಂಡು ಹೊರಡ್ತಾಳೆ, ಆ ಸೂಪು ಹೋಗಿ ಸೇರೋದು ಬೆಡ್‌ರೂಮಲ್ಲಿ ಮಲಗಿರೋ ಜೂಲಿಯಾಗೆ, ಅಲ್ಲಿ ಕೂತ ಇನ್ನೊಂದು ಗುಂಪಿಗೆ ಅದು ಎಲ್ಲಿಂದ ಬಂತು ಗೊತ್ತಿರಲ್ಲ. ಟೈಮಿಂಗ್ ಸ್ವಲ್ಪ ತಪ್ಪಿದ್ರೂ ಕತೆ ಮುಗೀತು, ಸ್ಟೇಜ್ ಮ್ಯಾನೇಜರ್ ಪಾಡು ದೇವರಿಗೇ ಪ್ರೀತಿ! ಆದ್ರೆ ನೀವೂ ಅಷ್ಟು ಹತ್ರ, ಅವರ ಕೋಣೆ ಒಳಗೇ ಇರ್ತೀರಲ್ಲ, ದೂರದಿಂದ ತೀರ್ಪು ಕೊಡೋಕೆ ಆಗಲ್ಲ.

ಪ್ರಶ್ನೆ: ನಮ್ಮದು ಚಿಕ್ಕ ಹವ್ಯಾಸಿ ತಂಡ. ಲೈಟಿಂಗಿಗೆ ದುಡ್ಡಿಲ್ಲ, ಸೀನ್ ಮಧ್ಯೆ ಕತ್ತಲು ಮಾಡೋಕಾಗಲ್ಲ. ಅಮೆರಿಕದೋರು ಇದಕ್ಕೇನಾದ್ರೂ ಉಪಾಯ ಕಂಡ್ಕೊಂಡಿದಾರಾ?
— ಓದುಗರು, ಶಿವಮೊಗ್ಗ

ಉತ್ತರ: ಫೋರ್ನೆಸ್ ಅವರೇ ಕಂಡ್ಕೊಂಡಿದಾರೆ ನೋಡಿ. 1983ರಲ್ಲಿ ಕ್ಯಾಲಿಫೋರ್ನಿಯಾದಲ್ಲಿ ಬಯಲಲ್ಲಿ ‘ಮಡ್’ ಆಡಿಸ್ಬೇಕಿತ್ತು, ಕತ್ತಲು ಮಾಡೋ ಹಾಗಿರ್ಲಿಲ್ಲ. ಪ್ರತಿ ಸೀನ್ ಕೊನೆಗೆ ನಟರು ಇದ್ದಲ್ಲೇ ಎಂಟು ಸೆಕೆಂಡ್ ಕದಲದೆ ನಿಲ್ಲಿ ಅಂದ್ರು, ಅಷ್ಟೇ. ಅದು ಎಷ್ಟು ಚೆನ್ನಾಗಿ ಒಪ್ಪಿತು ಅಂದ್ರೆ ಸ್ಕ್ರಿಪ್ಟಲ್ಲೇ ಉಳಿಸ್ಕೊಂಡ್ರು. ಇಸ್ತ್ರಿ ಹಾಕ್ತಾ ಓದು ಕಲಿಯೋಕೆ ಒದ್ದಾಡೋ ಮೇ ಅನ್ನೋ ಬಡ ಹೆಂಗಸಿನ ಕತೆ ಅದು, ನಕ್ಷತ್ರ ಮೀನಿನ ಪಾಠನ ಅವಳು ಕಷ್ಟಪಟ್ಟು ಓದೋ ಸೀನು ಬಂದಾಗ ನಂಗೆ ಗಂಟಲು ಕಟ್ಟುತ್ತೆ. ನೀವೂ ಟ್ರೈ ಮಾಡಿ, ಆದ್ರೆ ರಿಹರ್ಸಲ್ಲಲ್ಲಿ ಸೆಕೆಂಡ್ ಎಣಿಸಿ, ನಮ್ಮೋರು ಮೂರಕ್ಕೇ ಕದಲ್ತಾರೆ.

ಪ್ರಶ್ನೆ: ಇಷ್ಟೆಲ್ಲಾ ಮಾಡಿದೋರ ಹೆಸರು ನಾವ್ಯಾಕೆ ಕೇಳಿಲ್ಲ?
— ಓದುಗರು, ಬೆಂಗಳೂರು

ಉತ್ತರ: ಬ್ರಾಡ್ವೇ, ಅಂದ್ರೆ ನ್ಯೂಯಾರ್ಕಿನ ದೊಡ್ಡ ಕಮರ್ಷಿಯಲ್ ಥಿಯೇಟರುಗಳ ಲೋಕ, ಒಲೀಲಿಲ್ಲ. 1966ರಲ್ಲಿ ‘ದಿ ಆಫೀಸ್’ ಅಲ್ಲಿಗೆ ಹೋಯ್ತು, ಹೆಸರಾಂತ ಜೆರೋಮ್ ರಾಬಿನ್ಸ್ ಡೈರೆಕ್ಷನ್ ಬೇರೆ, ಆದ್ರೂ ಓಪನಿಂಗಿಗೆ ಮುಂಚಿನ ಪ್ರಿವ್ಯೂ ಶೋಗಳಲ್ಲೇ ನಿಂತುಹೋಯ್ತು. ಬ್ರಾಡ್ವೇ ಆಚೆಗಿನ ಸಣ್ಣ ಥಿಯೇಟರುಗಳ ನಾಟಕಕ್ಕೆ ಕೊಡೋ ಓಬಿ ಪ್ರಶಸ್ತಿ ಮಾತ್ರ ಒಂಬತ್ತು ಸಿಕ್ತು. ಪಾಠ ಹೇಳೋದ್ರಲ್ಲೂ ಎತ್ತಿದ ಕೈ, ಆಮೇಲೆ ನಾಟಕಕ್ಕೆ ಪುಲಿಟ್ಜರ್ ಪ್ರಶಸ್ತಿ ಗೆದ್ದ ನೀಲೋ ಕ್ರೂಸ್ ಇವರ ಶಿಷ್ಯ. 2018ರಲ್ಲಿ ತೀರ್ಕೊಂಡ್ರು. ಓದೋದಾದ್ರೆ ‘ಮಡ್’ನಿಂದ ಶುರು ಮಾಡಿ, ಚಿಕ್ಕದು, ಒಂದು ಸಂಜೆಗೆ ಮುಗಿಯುತ್ತೆ.