ಗುರುವಾರದ ಹುಳಿ, ಶನಿವಾರದ ಬಕೆಟ್ಟು

ಮನೆ ಲೆಕ್ಕ: ಓದುಗರ ಪ್ರಶ್ನೆಗಳಿಗೆ ನಿವೃತ್ತ ಅರ್ಥಶಾಸ್ತ್ರ ಅಧ್ಯಾಪಕಿಯ ಉತ್ತರ

ಪ್ರಶ್ನೆ: ಮೇಡಂ, ಮನೆಯಲ್ಲಿ ಐದು ಜನ ಇದ್ದೇವೆ. ನಾನು, ನಮ್ಮ ಯಜಮಾನರು, ಅತ್ತೆಯವರು, ಇಬ್ಬರು ಮಕ್ಕಳು. ನಾನು ಕೆಲಸಕ್ಕೆ ಹೋಗುವುದರಿಂದ ಅಡುಗೆ ಅತ್ತೆಯವರದು. ಅನ್ನ ಚೆಲ್ಲಬಾರದು ಎಂದು ಮಕ್ಕಳಿಗೆ ದಿನಾ ಹೇಳುವವರೂ ಅವರೇ, ದಿನಾ ಎರಡು ಹಿಡಿ ಅಕ್ಕಿ ಜಾಸ್ತಿ ಹಾಕುವವರೂ ಅವರೇ. ಉಳಿದದ್ದು ಡಬ್ಬಿ ಸೇರಿ ಫ್ರಿಜ್ಜಿಗೆ ಹೋಗುತ್ತದೆ. ಶನಿವಾರ ಫ್ರಿಜ್ ಒರೆಸುವಾಗ ಹುಳಿ, ಪಲ್ಯ, ಕೊಳೆತ ಸೊಪ್ಪು ಎಲ್ಲ ಹಸಿ ಕಸದ ಬಕೆಟ್ಟಿಗೆ. ಆಗ ನನಗೆ ಅಷ್ಟೇನೂ ಬೇಜಾರಾಗುವುದಿಲ್ಲ, ಹೇಗೂ ಕೆಟ್ಟುಹೋಗಿತ್ತಲ್ಲ ಅನ್ನಿಸುತ್ತದೆ. ಬಿ.ಕಾಂ. ಓದುತ್ತಿರುವ ಮಗಳು ಇದಕ್ಕೆ ಬಿಹೇವಿಯರಲ್ ಎಕನಾಮಿಕ್ಸ್‌ನಲ್ಲಿ, ಅಂದರೆ ಜನ ನಿಜವಾಗಿ ಹೇಗೆ ತೀರ್ಮಾನ ಮಾಡುತ್ತಾರೆ ಎಂದು ನೋಡುವ ಅರ್ಥಶಾಸ್ತ್ರದಲ್ಲಿ, ಉತ್ತರ ಇದೆ ಎನ್ನುತ್ತಾಳೆ. ನಿಜವೇ?
– ಓದುಗರು, ವಿಜಯನಗರ

ಉತ್ತರ: ನಿಜ. ಉತ್ತರದ ಅರ್ಧ ಭಾಗವನ್ನು ನೀವೇ ಬರೆದಿದ್ದೀರಿ. 'ಹೇಗೂ ಕೆಟ್ಟುಹೋಗಿತ್ತಲ್ಲ' ಎಂಬ ಆ ಮಾತನ್ನು ನಾನು ಎರಡು ಸಲ ಓದಿದೆ.

ಗುರುವಾರ ರಾತ್ರಿ ಆ ಹುಳಿ ಚೆನ್ನಾಗಿಯೇ ಇತ್ತು. ಚೆನ್ನಾಗಿರುವ ಹುಳಿಯನ್ನು ಸುರಿಯಲು ನಮ್ಮ ಕೈ ಬರುವುದಿಲ್ಲ, ಅನ್ನ ದೇವರು ಎಂದು ಕೇಳಿಕೊಂಡು ಬೆಳೆದವರು ನಾವು. ಅದಕ್ಕೇ ಡಬ್ಬಿಗೆ ಹಾಕಿ ಮುಚ್ಚಿಡುತ್ತೇವೆ. ಎರಡು ದಿನ ಬಿಟ್ಟು ಮುಚ್ಚಳ ತೆಗೆದರೆ ವಾಸನೆ. ಈಗ ಸುರಿದರೆ ಪಾಪವಿಲ್ಲ. ಆದರೆ ಆ ಹುಳಿಯನ್ನು ಯಾರೂ ತಿನ್ನುವುದಿಲ್ಲ ಎಂಬುದು ಗುರುವಾರವೇ ತೀರ್ಮಾನವಾಗಿತ್ತು. ಬೇಜಾರಿಲ್ಲದೆ ಸುರಿಯುವ ದಿನ ಬರುವವರೆಗೆ ಫ್ರಿಜ್ಜು ಅದನ್ನು ಕಾಯ್ದಿಟ್ಟುಕೊಂಡಿತು.

ಡೇನಿಯಲ್ ಕಾನೆಮನ್ ಮತ್ತು ಆಮೋಸ್ ಟ್ವರ್ಸ್ಕಿ ಎಂಬ ಇಬ್ಬರು ಮನಶ್ಶಾಸ್ತ್ರಜ್ಞರು 1979ರಲ್ಲಿ ಒಂದು ಪ್ರಬಂಧ ಬರೆದರು. ನೂರು ರೂಪಾಯಿ ಸಿಕ್ಕಾಗ ಆಗುವ ಸಂತೋಷಕ್ಕಿಂತ ನೂರು ರೂಪಾಯಿ ಕಳೆದುಕೊಂಡಾಗ ಆಗುವ ಸಂಕಟ ದೊಡ್ಡದು ಎಂಬುದು ಅದರ ಒಂದು ಮುಖ್ಯ ಮಾತು. ಆ ಸಂಕಟವನ್ನು ತಪ್ಪಿಸಿಕೊಳ್ಳಲು ಮನುಷ್ಯ ನಿರ್ಧಾರವನ್ನೇ ಮುಂದೂಡುತ್ತಾನೆ. ಕಾನೆಮನ್ ಅವರಿಗೆ 2002ರಲ್ಲಿ ಅರ್ಥಶಾಸ್ತ್ರದ ನೊಬೆಲ್ ಬಂತು. ನಾನು ಮೂವತ್ತು ವರ್ಷ ತರಗತಿಯಲ್ಲಿ ಬೇಡಿಕೆ ರೇಖೆ, ಪೂರೈಕೆ ರೇಖೆ ಪಾಠ ಮಾಡಿದವಳು. ಅಡುಗೆಮನೆಯ ಒಳಗೆ ಬಂದು ಮಾತಾಡುವ ಅರ್ಥಶಾಸ್ತ್ರ ಇದು ಎಂದು ನನಗೆ ಅನ್ನಿಸಿದ್ದು ಇವರನ್ನು ಓದಿದ ಮೇಲೆ.

ಅತ್ತೆಯವರ ಎರಡು ಹಿಡಿ ಅಕ್ಕಿಯೂ ಇದೇ ಲೆಕ್ಕ. ಅವರ ಜಾಗದಲ್ಲಿ ನಿಂತು ನೋಡಿ. ಅನ್ನ ಸಾಲದೆ ಹೋದರೆ ಆ ಅವಮಾನ ಆಗಲೇ, ಎಲ್ಲರೂ ತಟ್ಟೆ ಮುಂದೆ ಕೂತಿರುವಾಗಲೇ ಆಗುತ್ತದೆ. ಮಿಕ್ಕರೆ ಆಗುವ ನಷ್ಟ ನಾಳೆಯದು, ಯಾರ ಹೆಸರಿಗೂ ಬರೆಯದ ನಷ್ಟ. ಇಂಥ ತಕ್ಕಡಿ ಕೈಯಲ್ಲಿದ್ದರೆ ಯಾರೇ ಆದರೂ ಜಾಸ್ತಿಯ ಕಡೆಗೇ ಅಳೆಯುತ್ತಾರೆ. ಆದ್ದರಿಂದ 'ಅತ್ತೆ, ಕಮ್ಮಿ ಹಾಕಿ' ಎಂದು ದಯವಿಟ್ಟು ಹೇಳಬೇಡಿ. ಅವರ ಕಿವಿಗೆ ಅದು 'ನೀವು ಹಾಳು ಮಾಡುತ್ತಿದ್ದೀರಿ' ಎಂದೇ ಕೇಳಿಸುತ್ತದೆ. ಸಾಲದೆ ಹೋಗುವ ಭಯವನ್ನು ಮೊದಲು ತೆಗೆಯಿರಿ. ನಮ್ಮ ತಾಯಿ ಚಾಮರಾಜಪೇಟೆಯ ಮನೆಯಲ್ಲಿ ಹದಿಮೂರು ಜನಕ್ಕೆ ಬೇಯಿಸುತ್ತಿದ್ದರು. ಅವರ ಬೆನ್ನಿಗೆ ಯಾವಾಗಲೂ ಒಂದು ಡಬ್ಬ ಅವಲಕ್ಕಿ ಇರುತ್ತಿತ್ತು. ಹೊತ್ತಲ್ಲದ ಹೊತ್ತಿನಲ್ಲಿ ನೆಂಟರು ಬಂದರೆ ಹತ್ತು ನಿಮಿಷದಲ್ಲಿ ಒಗ್ಗರಣೆ ಅವಲಕ್ಕಿ. ನಿಮ್ಮ ಮನೆಯಲ್ಲಿ ದೋಸೆ ಹಿಟ್ಟು ಇರಬಹುದು. 'ಸಾಲದೇ ಹೋದರೆ ಎರಡು ದೋಸೆ ಹುಯ್ಯೋಣ ಬಿಡಿ ಅತ್ತೆ' ಎಂದು ನಾಲ್ಕು ದಿನ ಹೇಳಿ, ಒಂದು ದಿನ ಹಾಗೆಯೇ ಮಾಡಿ ತೋರಿಸಿ. ಎರಡು ಪಾವು ತಾನಾಗಿ ಒಂದೂಮುಕ್ಕಾಲು ಆದೀತು.

ಇನ್ನು ಡಬ್ಬಿಯ ವಿಷಯ. ಇಲ್ಲಿ ಸ್ವಲ್ಪ ನಿಲ್ಲುತ್ತೇನೆ.

ಫ್ರಿಜ್ಜು ಬರುವ ಮೊದಲು ರಾತ್ರಿ ಮಿಕ್ಕ ಅನ್ನಕ್ಕೆ ಗೊತ್ತಾದ ಒಂದು ದಾರಿ ಇತ್ತು. ನೀರು ಹಾಕಿಟ್ಟರೆ ಬೆಳಿಗ್ಗೆ ತಂಗಳನ್ನ, ಮಜ್ಜಿಗೆ, ಈರುಳ್ಳಿ. ಇಲ್ಲವೇ ಚಿತ್ರಾನ್ನ. ಬೇಸಿಗೆಯಾದರೆ ಅನ್ನದ ಸಂಡಿಗೆ. ಯಾರೂ ಕೂತು ಯೋಚಿಸುತ್ತಿರಲಿಲ್ಲ, ಅದು ಮೊದಲೇ ತೀರ್ಮಾನವಾಗಿರುತ್ತಿತ್ತು. ಅರ್ಥಶಾಸ್ತ್ರಜ್ಞರು ಇದನ್ನು 'ಡಿಫಾಲ್ಟ್' ಎನ್ನುತ್ತಾರೆ. ಏನೂ ಯೋಚಿಸದೆ ಇದ್ದರೂ ತಾನಾಗಿ ನಡೆದುಹೋಗುವ ದಾರಿ. ಮನುಷ್ಯ ಬಹುಪಾಲು ಆ ದಾರಿಯಲ್ಲೇ ಹೋಗುತ್ತಾನೆ ಎಂಬುದರ ಮೇಲೆ ರಿಚರ್ಡ್ ಥೇಲರ್ ಬಹಳ ಕೆಲಸ ಮಾಡಿದ್ದಾರೆ, ಅವರಿಗೆ 2017ರಲ್ಲಿ ನೊಬೆಲ್ ಬಂತು. ಫ್ರಿಜ್ಜು ನಮ್ಮ ಹಳೆಯ ಡಿಫಾಲ್ಟನ್ನು ಅಳಿಸಿ 'ಆಮೇಲೆ ನೋಡೋಣ' ಎಂಬ ಹೊಸದೊಂದನ್ನು ತಂದಿತು.

ಹಾಗಾಗಿ ಮುಚ್ಚಳ ಹಾಕುವಾಗಲೇ ಅದು ಯಾವಾಗ ಏನಾಗಬೇಕು ಎಂಬುದನ್ನು ಬಾಯಿಬಿಟ್ಟು ಹೇಳಿ. 'ಈ ಪಲ್ಯ ನಾಳೆ ಬೆಳಿಗ್ಗೆ ಅಕ್ಕಿ ರೊಟ್ಟಿಗೆ.' 'ಈ ಅನ್ನ ನಾಳೆ ಚಿತ್ರಾನ್ನಕ್ಕೆ.' ಪೀಟರ್ ಗೋಲ್‌ವಿಟ್ಜರ್ ಎಂಬ ಮನಶ್ಶಾಸ್ತ್ರಜ್ಞರು ತೋರಿಸಿದ್ದು ಇದನ್ನೇ. ಮಾಡಬೇಕು ಎಂದುಕೊಂಡವರಿಗಿಂತ, ಯಾವಾಗ, ಎಲ್ಲಿ, ಹೇಗೆ ಎಂದು ಗೊತ್ತುಮಾಡಿಕೊಂಡವರು ಹೆಚ್ಚು ಮಾಡಿ ಮುಗಿಸುತ್ತಾರೆ. ನಾಳೆ ಏನಕ್ಕೆ ಎಂದು ಹೇಳಲು ಬರದಿದ್ದರೆ, ಆ ರಾತ್ರಿಯೇ ಯಾರಿಗಾದರೂ ಕೊಡುವ ಯೋಚನೆ ಮಾಡಿ.

ಒಂದು ಮಾತು ಇಲ್ಲೇ ಹೇಳಬೇಕು. ಮನೆಕೆಲಸಕ್ಕೆ ಬರುವವರಿಗೆ ಕೊಡುವುದಾದರೆ ಅಡುಗೆ ಆದ ತಕ್ಷಣ, ನಾವು ಬಡಿಸಿಕೊಳ್ಳುವ ಮೊದಲೇ ತೆಗೆದಿಟ್ಟು ಕೊಡಿ. ಮೂರು ದಿನದ ಡಬ್ಬಿಯನ್ನು ಅವರ ಕೈಗಿಟ್ಟು ನಮ್ಮ ಮನಸ್ಸು ಹಗುರ ಮಾಡಿಕೊಳ್ಳುವುದನ್ನು ನಾನು ಒಪ್ಪುವುದಿಲ್ಲ.

ಸ್ಟೀಲ್ ಡಬ್ಬಿಗಳನ್ನು ಮಿಕ್ಕ ಅಡುಗೆಗೆ ಬಳಸುವುದು ಬಿಡಿ. ಆ ಮುಚ್ಚಳದ ಕೆಳಗೆ ಏನಿದೆ ಎಂದು ಮನೆಯಲ್ಲಿ ಒಬ್ಬರಿಗೇ ಗೊತ್ತಿರುತ್ತದೆ, ಹೆಚ್ಚಾಗಿ ಒಬ್ಬ ಹೆಂಗಸಿಗೆ. ಮನೆಯವರೆಲ್ಲರ ನೆನಪಿನ ಕೆಲಸವನ್ನು ಅವಳೊಬ್ಬಳೇ ಮಾಡಬೇಕು. ಗಾಜಿನ ಡಬ್ಬಿಯಲ್ಲಿ, ಕಣ್ಣಿನ ಎತ್ತರದ ಶೆಲ್ಫಿನಲ್ಲಿ ಇಟ್ಟು, 'ಮೊದಲು ಇದು' ಎಂದು ಒಂದು ಚೀಟಿ ಅಂಟಿಸಿ. ನಿಮ್ಮ ಯಜಮಾನರಿಗೂ ಮಕ್ಕಳಿಗೂ ಆಗ ಕೇಳದೆಯೇ ಕಾಣಿಸುತ್ತದೆ. ಅನ್ನ ಮಾತ್ರ ಹೊರಗೆ ಹೆಚ್ಚು ಹೊತ್ತು ಇಡಬೇಡಿ. ಎರಡು ಗಂಟೆಯೊಳಗೆ ಫ್ರಿಜ್ಜಿಗೆ ಹೋಗಲಿ, ಮರುದಿನವೇ ಮುಗಿಯಲಿ, ಒಂದೇ ಸಲ ಚೆನ್ನಾಗಿ ಬಿಸಿಯಾಗಲಿ.

ಕೊಳೆತ ಸೊಪ್ಪು ನನ್ನ ಮನೆಯ ಕಥೆಯೂ ಹೌದು. ನಿವೃತ್ತಿಯಾದ ವರ್ಷ ಫ್ರಿಜ್ಜಿನ ಪಕ್ಕ ಒಂದು ನೋಟ್‌ಬುಕ್ ನೇತುಹಾಕಿ, ನಾಲ್ಕು ವಾರ ಏನೇನು ಎಸೆದೆ ಎಂದು ಬರೆದೆ. ಅರ್ಧಕ್ಕಿಂತ ಹೆಚ್ಚು ಸಾಲುಗಳಲ್ಲಿ ಸೊಪ್ಪೇ ಇತ್ತು. ದಂಟು, ಮೆಂತ್ಯ, ಕೊತ್ತಂಬರಿ. ಎಲ್ಲವೂ ಭಾನುವಾರ ಬೆಳಿಗ್ಗೆ ಗಾಂಧಿ ಬಜಾರಿನಲ್ಲಿ ಕೊಂಡದ್ದು. ಭಾನುವಾರದ ನಾನು ಉತ್ಸಾಹದಲ್ಲಿರುತ್ತಿದ್ದೆ, ಬುಧವಾರ ಮಸ್ಸೊಪ್ಪು, ಶುಕ್ರವಾರ ಬಸ್ಸಾರು ಎಂದು ಲೆಕ್ಕ ಹಾಕಿ ಕಟ್ಟು ಕಟ್ಟು ತರುತ್ತಿದ್ದೆ. ಬುಧವಾರ ಸಂಜೆ ಸೊಪ್ಪು ಸೋಸಲು ಕೂರಬೇಕಾದವಳು ಬೇರೆಯೇ, ಸೊಂಟ ನೋವಿನ ಹೆಂಗಸು. ಈಗಿನ ಮನಸ್ಸೇ ಮುಂದೆಯೂ ಇರುತ್ತದೆ ಎಂದುಕೊಳ್ಳುವುದು ಎಲ್ಲರೂ ಮಾಡುವ ತಪ್ಪು. ಹಸಿದು ಅಂಗಡಿಗೆ ಹೋದವರು ಜಾಸ್ತಿ ತರುವುದೂ ಅದರಿಂದಲೇ. ಈಗ ಸೊಪ್ಪನ್ನು ಬೆಳಿಗ್ಗೆ ಬೀದಿಗೆ ಬರುವ ಗಾಡಿಯವರ ಹತ್ತಿರ ಆಯಾ ದಿನಕ್ಕೆ ಒಂದೇ ಕಟ್ಟು ಕೊಳ್ಳುತ್ತೇನೆ. ಎರಡು ರೂಪಾಯಿ ಹೆಚ್ಚು. ಭಾನುವಾರ ತಂದರೆ ಅವತ್ತೇ ಸೋಸಿ ಬಟ್ಟೆಯಲ್ಲಿ ಸುತ್ತಿಡುತ್ತೇನೆ. ಸೋಸಿಟ್ಟ ಸೊಪ್ಪು ಬುಧವಾರ ಒಲೆಗೇರುತ್ತದೆ, ಬೇರಿನ ಮಣ್ಣಿನ ಸಮೇತ ಇಟ್ಟದ್ದು ಏರುವುದಿಲ್ಲ.

ನೀವೂ ನಾಲ್ಕು ವಾರ ಬರೆಯಿರಿ. ವಿಶ್ವಸಂಸ್ಥೆಯ ಪರಿಸರ ಕಾರ್ಯಕ್ರಮದ 2024ರ ವರದಿ ಭಾರತದ ಮನೆಗಳಲ್ಲಿ ತಲೆಗೆ ವರ್ಷಕ್ಕೆ 55 ಕಿಲೋ ಆಹಾರ ಕಸಕ್ಕೆ ಹೋಗುತ್ತದೆ ಎಂದು ಅಂದಾಜು ಮಾಡಿದೆ. ಸಿಪ್ಪೆ, ಮೂಳೆ ಎಲ್ಲ ಸೇರಿದ ಲೆಕ್ಕ ಅದು. ಐದು ಜನಕ್ಕೆ 275 ಕಿಲೋ. ನಾವು ತರುವ 25 ಕಿಲೋ ಅಕ್ಕಿ ಮೂಟೆಯ ತೂಕದಲ್ಲಿ ಹನ್ನೊಂದು ಮೂಟೆ. ನಿಮ್ಮ ಮನೆಯದು ಇದರಲ್ಲಿ ಎಷ್ಟು ಎಂದು ನಿಮ್ಮ ನೋಟ್‌ಬುಕ್ಕೇ ಹೇಳಬೇಕು. ಬರೆಯುವ ಕೆಲಸ ಮಗಳಿಗೆ ಕೊಡಿ, ಆದರೆ ಅಜ್ಜಿಯ ತಪ್ಪು ಹುಡುಕುವ ಪುಸ್ತಕ ಅದಾಗದಂತೆ ನೋಡಿಕೊಳ್ಳಿ.

ಪ್ರಶ್ನೆ: ನಮ್ಮ ಅಪಾರ್ಟ್‌ಮೆಂಟಿನಲ್ಲಿ ಹಸಿ ಕಸವನ್ನೆಲ್ಲ ಗೊಬ್ಬರ ಮಾಡುತ್ತೇವೆ. ಹಾಗಿದ್ದ ಮೇಲೆ ಮಿಕ್ಕ ಅನ್ನ ವ್ಯರ್ಥವಾಯಿತು ಎನ್ನಬಹುದೇ?
– ಕಮಿಟಿಯ ಸದಸ್ಯರೊಬ್ಬರು, ಜೆ.ಪಿ. ನಗರ

ಉತ್ತರ: ನಿಮ್ಮ ಕಮಿಟಿಗೆ ಮೊದಲು ನಮಸ್ಕಾರ. ನಮ್ಮ ಊರಿನ ಕಸ ಸುರಿಯುತ್ತಿದ್ದ ಮಂಡೂರಿನ ಜನ ಅದರ ನಾತ ಸಹಿಸಲಾರದೆ ರಸ್ತೆಗಿಳಿದದ್ದನ್ನು ನಾನು ಮರೆತಿಲ್ಲ. 2012ರಲ್ಲಿ ಕಸ ಬೇರ್ಪಡಿಸುವುದು ಕಡ್ಡಾಯವಾದಾಗ ಬೆಂಗಳೂರು ಎಷ್ಟು ಗೊಣಗಿತು ಎಂಬುದೂ ನೆನಪಿದೆ. ಗೊಬ್ಬರ ಮಾಡುವುದು ದೊಡ್ಡ ಕೆಲಸ.

ಆದರೂ ವ್ಯರ್ಥವಾಯಿತು ಎಂದೇ ಹೇಳುತ್ತೇನೆ. ಗಂಗಾವತಿ, ಸಿಂಧನೂರಿನ ಕಡೆ ತುಂಗಭದ್ರೆಯ ನೀರು ಹರಿಸಿ ಬೆಳೆದ ಸೋನಾ ಮಸೂರಿ ಅಕ್ಕಿ ಇಲ್ಲಿಗೆ ಬರುತ್ತದೆ. ಅದನ್ನು ಬೇಯಿಸುವ ಕಾವೇರಿ ನೀರನ್ನು ಸುಮಾರು ನೂರು ಕಿಲೋಮೀಟರ್ ದೂರದಿಂದ ಪಂಪ್ ಮಾಡಿ ಮೇಲೆ ತರುತ್ತೇವೆ. ಇಷ್ಟೆಲ್ಲ ಖರ್ಚು ಮಾಡಿ ತಯಾರಿಸುವ ಪದಾರ್ಥ ಗೊಬ್ಬರವಾದರೆ ಅಷ್ಟು ದುಬಾರಿ ಗೊಬ್ಬರ ಬೇರೆ ಇಲ್ಲ.

ಅಮೆರಿಕದ ಓಹಾಯೋದ ಇಬ್ಬರು ಸಂಶೋಧಕರು 2017ರಲ್ಲಿ ಪ್ರಕಟಿಸಿದ ಒಂದು ಪ್ರಯೋಗವನ್ನು ನಿಮ್ಮ ಕಮಿಟಿ ಗಮನಿಸಬೇಕು. ತಟ್ಟೆಯಲ್ಲಿ ಬಿಟ್ಟದ್ದು ಗೊಬ್ಬರವಾಗುತ್ತದೆ ಎಂದು ತಿಳಿದವರು, ಅದು ಕಸದ ಗುಂಡಿಗೆ ಹೋಗುತ್ತದೆ ಎಂದು ತಿಳಿದವರಿಗಿಂತ ಹೆಚ್ಚು ಬಿಟ್ಟರು. ಒಂದು ಒಳ್ಳೆಯ ಕೆಲಸ ನಡೆಯುತ್ತಿದೆ ಎಂಬ ನೆಮ್ಮದಿಯಲ್ಲಿ ಕೈ ಸಡಿಲವಾಗುತ್ತದೆ. ಹಾಗೆಂದು ಗೊಬ್ಬರದ ತೊಟ್ಟಿ ಮುಚ್ಚಬೇಡಿ. ಸಿಪ್ಪೆ ಒಂದು ಬಕೆಟ್ಟಿಗೆ, ಬೇಯಿಸಿದ ಅಡುಗೆ ಇನ್ನೊಂದು ಬಕೆಟ್ಟಿಗೆ ಬರಲಿ. ಎರಡನೆಯದನ್ನು ಮಾತ್ರ ವಾರಕ್ಕೊಮ್ಮೆ ತೂಗಿ. ದಕ್ಷಿಣ ಕೊರಿಯದಲ್ಲಿ 2013ರಿಂದ ಮನೆಯವರು ಆಹಾರದ ಕಸಕ್ಕೆ ಪ್ರಮಾಣದ ಮೇಲೆ ದುಡ್ಡು ಕೊಡುತ್ತಾರೆ. ನೀವು ದಂಡ ಹಾಕುವಷ್ಟು ದೂರ ಹೋಗಬೇಡಿ, ನೆರೆಹೊರೆ ಕೆಡುತ್ತದೆ. ಮಹಡಿವಾರು ತೂಕವನ್ನು ಲಿಫ್ಟಿನ ಪಕ್ಕ ಬರೆದರೆ ಸಾಕು.

ಇದರಲ್ಲೂ ಒಂದು ಎಚ್ಚರ. ಕ್ಯಾಲಿಫೋರ್ನಿಯಾದ ಒಂದು ಊರಲ್ಲಿ ಕರೆಂಟಿನ ಬಳಕೆಯ ಬಗ್ಗೆ ಇಂಥದ್ದೇ ಪ್ರಯೋಗ ಮಾಡಿ 2007ರಲ್ಲಿ ಪ್ರಕಟಿಸಿದರು. ಅಕ್ಕಪಕ್ಕದವರ ಸರಾಸರಿ ತಿಳಿಸಿದಾಗ ಜಾಸ್ತಿ ಬಳಸುವವರು ಇಳಿಸಿದರು, ಕಮ್ಮಿ ಬಳಸುತ್ತಿದ್ದವರು ಏರಿಸಿಬಿಟ್ಟರು. ಕಮ್ಮಿಯವರ ಚೀಟಿಯಲ್ಲಿ ಒಂದು ನಗುಮುಖ ಬರೆದಾಗ ಆ ಏರಿಕೆ ನಿಂತಿತು. ಕಡಿಮೆ ತೂಕ ಬಂದ ಮಹಡಿಯ ಮುಂದೆ ನಗುಮುಖ ಬರೆಯುವುದನ್ನು ಮರೆಯಬೇಡಿ.

ಪ್ರಶ್ನೆ: ಒಬ್ಬನೇ ರೂಮ್ ಮಾಡಿಕೊಂಡಿದ್ದೇನೆ. ಆ್ಯಪ್‌ನಲ್ಲಿ ತರಕಾರಿ ತರಿಸುವಾಗ ಡೆಲಿವರಿ ಫ್ರೀ ಆಗಲಿ ಎಂದು ಏನಾದರೂ ಸೇರಿಸುತ್ತೇನೆ, ಅದೇ ಕೊಳೆಯುತ್ತದೆ. ಏನು ಮಾಡಲಿ?
– ಓದುಗ, ಬಿ.ಟಿ.ಎಂ. ಲೇಔಟ್

ಉತ್ತರ: 'ಉಚಿತ' ಎಂಬ ಪದಕ್ಕೆ ಬೆಲೆಯ ಲೆಕ್ಕವನ್ನೇ ಮರೆಸುವ ಶಕ್ತಿ ಇದೆಯಪ್ಪ. ಒಳ್ಳೆಯ ಚಾಕೊಲೇಟ್, ಸಾಧಾರಣ ಚಾಕೊಲೇಟ್ ಎರಡರ ಬೆಲೆಯನ್ನೂ ಒಂದೊಂದೇ ಸೆಂಟ್ ಇಳಿಸಿ, ಸಾಧಾರಣದ್ದು ಪುಕ್ಕಟೆಯಾಗುವಂತೆ ಮಾಡಿದಾಗ ಜನ ಒಳ್ಳೆಯದನ್ನು ಬಿಟ್ಟು ಅದರ ಕಡೆ ತಿರುಗಿದರು. ಡಾನ್ ಏರಿಯಲಿ ಮತ್ತು ಜೊತೆಗಾರರು 2007ರಲ್ಲಿ ಪ್ರಕಟಿಸಿದ ಪ್ರಯೋಗ ಇದು. ನೀನು ಬುಟ್ಟಿ ತುಂಬಿಸಲೇಬೇಕಾದರೆ ತೊಗರಿಬೇಳೆ, ಉಪ್ಪು, ಸೋಪು ಸೇರಿಸು. ಟೊಮೆಟೊ, ಕ್ಯಾಪ್ಸಿಕಂ ಬೇಡ. ಇನ್ನೂ ಒಳ್ಳೆಯದೆಂದರೆ ಕೆಲಸದಿಂದ ಬರುವ ದಾರಿಯಲ್ಲಿ ಹಾಪ್‌ಕಾಮ್ಸ್ ಮಳಿಗೆಯೋ ತಳ್ಳುಗಾಡಿಯೋ ಇದ್ದರೆ ಅಲ್ಲಿ ಎರಡು ಟೊಮೆಟೊ, ಒಂದು ಕ್ಯಾರೆಟ್, ನಾಲ್ಕು ಬೀನ್ಸ್ ಎಂದು ಕೇಳು. ನಾಚಿಕೆ ಬೇಡ, ಕಾಲು ಕಿಲೋಗಿಂತ ಕಡಿಮೆಯನ್ನೂ ತೂಗಿ ಕೊಡುವವರಿದ್ದಾರೆ. ಊಟ ಮುಗಿಸಿ ಹೋದರೆ ಎರಡೇ ತರುತ್ತೀಯ, ಹಸಿದು ಹೋದರೆ ಆರು.