ಕನಸಿನ ಲೋಕದ ಪಾತಾಳ

ಪ್ರಶ್ನೆ: ಲವ್‌ಕ್ರಾಫ್ಟ್ ಅವರ ಕನಸಿನ ಲೋಕಕ್ಕೂ ಒಂದು ಪಾತಾಳವಿದೆಯಂತೆ. ಅದು ಎಂಥದು? ಅಲ್ಲಿಂದ ಮೇಲೆ ಬರಲು ದಾರಿಯಿದೆಯೇ?

ಉತ್ತರ: ಇದೆ. ಅಮೆರಿಕದ ಲೇಖಕ ಎಚ್. ಪಿ. ಲವ್‌ಕ್ರಾಫ್ಟ್ 1927ರಲ್ಲಿ ಬರೆದು ಮುಗಿಸಿದ, ಅವರ ಮರಣಾನಂತರ 1943ರಲ್ಲಿ ಪ್ರಕಟವಾದ, ಕಡಾತ್ ಎಂಬ ದೇವತೆಗಳ ನೆಲೆಯ ಅನ್ವೇಷಣೆಯ ಕಿರುಕಾದಂಬರಿಯಲ್ಲಿ ನಾಯಕ ರಾಂಡಾಲ್ಫ್ ಕಾರ್ಟರ್‌ನನ್ನು ಮುಖವಿಲ್ಲದ ರೆಕ್ಕೆಯ ಜೀವಿಗಳು ಹೊತ್ತೊಯ್ದು ಆ ಪಾತಾಳದ ಪ್ನಾತ್ ಕಣಿವೆಯಲ್ಲಿ ಬಿಡುತ್ತವೆ. ಆ ಕಗ್ಗತ್ತಲಲ್ಲಿ ಕಾಲಿಗೆ ತಗಲುವುದೆಲ್ಲ ಮೂಳೆ. ಹೆಣ ತಿನ್ನುವ ಪಿಶಾಚಿಗಳು ತಿಂದು ಉಳಿದದ್ದನ್ನು ಮೇಲಿನ ಬಂಡೆಯಂಚಿನಿಂದ ಎಸೆದು ಎಸೆದು ಆದ ರಾಶಿಯದು. ನನಗೆ ಅತ್ಯಂತ ಪ್ರಿಯವಾದದ್ದು, ಅದೇ ಪಿಶಾಚಿಗಳು ಅವನಿಗೆ ಏಣಿ ಇಳಿಬಿಟ್ಟು, ಗಗ್ ಎಂಬ ದೈತ್ಯಜೀವಿಗಳ ಊರಿನ ಗೋಪುರದ ಮೆಟ್ಟಿಲುಗಳನ್ನು ಹತ್ತಿಸಿ, ಮೇಲಿನ ಕನಸಿನ ಲೋಕದ ಮಾಯಾವನಕ್ಕೆ ತೆರೆಯುವ ಕಲ್ಲಿನ ಮುಚ್ಚಳವನ್ನು ಎತ್ತಿಕೊಡುವ ಸೌಜನ್ಯ. ದೇವತೆಗಳ ಶಾಪಕ್ಕೆ ಹೆದರಿ ಗಗ್‌ಗಳು ಮಾತ್ರ ಅದನ್ನು ತೆರೆಯುವುದಿಲ್ಲ.