ಎಲ್ಲ ಬಿಟ್ಟವರ ಕೈಯಲ್ಲಿ ನವಿಲುಗರಿ ಯಾಕೆ?

ಚಿಕ್ಕೋಡಿ ಕಡೆಯ ರಸ್ತೆಯಲ್ಲಿ ದಿಗಂಬರ ಜೈನ ಮುನಿಗಳು ಬರಿಗಾಲಲ್ಲಿ ನಡೆದು ಹೋಗುವುದನ್ನು ಕಂಡಿರಿ. ಬಟ್ಟೆಯನ್ನೂ ಬಿಟ್ಟವರ ಕೈಯಲ್ಲಿ ನವಿಲುಗರಿಯ ಕಟ್ಟು, ಕಮಂಡಲ ಯಾಕೆ, ಅದೂ ಆಸ್ತಿಯೇ ಅಲ್ವಾ ಎಂದು ಕೇಳಿದ್ದೀರಿ. ಅವರ ಹಿಂದೆ ಕಾರು, ಊರಲ್ಲಿ ಪೆಂಡಾಲು, ಫ್ಲೆಕ್ಸು ಬೇರೆ ಎಂದು ಕುಟುಕಿದ್ದೀರಿ.

ಆ ಗರಿಕಟ್ಟಿಗೆ ಪಿಂಛಿ ಎನ್ನುತ್ತಾರೆ. ನವಿಲು ತಾನಾಗಿ ಉದುರಿಸಿದ ಗರಿಗಳಿಂದ ಕಟ್ಟಿದ್ದು. ಕೂರುವ ಮೊದಲು, ಮಲಗುವ ಮೊದಲು, ಪುಸ್ತಕ ಎತ್ತುವ ಮೊದಲು ಅದರಿಂದ ಹಗುರಾಗಿ ಸವರುತ್ತಾರೆ. ಇರುವೆ ಸಾಯಬಾರದು, ಅಷ್ಟೇ. ಸೆಕೆಯಾಯಿತೆಂದು ಅದರಲ್ಲಿ ಗಾಳಿ ಬೀಸಿಕೊಳ್ಳುವ ಹಾಗಿಲ್ಲ. ಕಮಂಡಲದ ನೀರು ಶೌಚಕ್ಕೆ, ಕೈಕಾಲು ತೊಳೆಯಲು. ಬಾಯಾರಿದರೆ ಕುಡಿಯಲು ಅಲ್ಲ.

ನನ್ನ ಕೇಳಿದರೆ, ವಸ್ತು ಬಿಡುವುದು ಸುಲಭದ ಭಾಗ. ‘ನನಗೆ ಇಂಥದ್ದು ಬೇಕು’ ಅನ್ನುವುದನ್ನು ಬಿಡುವುದೇ ಕಷ್ಟ. ಅವರ ಆಹಾರದ ಹೊತ್ತನ್ನು ಒಮ್ಮೆ ನೋಡಿ. ದಿನಕ್ಕೆ ಒಂದೇ ಸಲ, ನಿಂತುಕೊಂಡು, ಬೊಗಸೆಯಲ್ಲೇ ಊಟ. ನೀರೂ ಆಗಲೇ. ಬಾಯಿಬಿಟ್ಟು ಕೇಳುವಂತಿಲ್ಲ. ಮನಸ್ಸಿನಲ್ಲಿ ಒಂದು ಗುರುತು ಇಟ್ಟುಕೊಂಡು ಹೊರಡುತ್ತಾರೆ: ಗಂಡ ಹೆಂಡತಿ ಇಬ್ಬರೂ ಕಳಶ ಹಿಡಿದು ನಿಂತಿರಬೇಕು, ಹೀಗೆ ಏನೋ ಒಂದು. ಊಟ ನೀಡುವ ಮನೆಯವರಿಗೆ ಅದು ಗೊತ್ತಿರುವುದಿಲ್ಲ. ‘ನಮೋಸ್ತು, ನಮೋಸ್ತು’ ಎನ್ನುತ್ತ ಬಾಗಿಲಲ್ಲಿ ಕಾಯುತ್ತಾರೆ. ಗುರುತು ಕೂಡಿಬರದಿದ್ದರೆ ಅವತ್ತು ಉಪವಾಸ. ಕೂಡಿಬಂದರೂ, ಊಟದ ನಡುವೆ ಬೊಗಸೆಯಲ್ಲಿ ಒಂದು ಕೂದಲು ಕಂಡರೆ ಮುಗಿಯಿತು. ಈ ಅಡ್ಡಿಗೆ ಅಂತರಾಯ ಎನ್ನುತ್ತಾರೆ. ಮರುದಿನದವರೆಗೆ ನೀರೂ ಇಲ್ಲ. ಬಡಿಸುತ್ತಿದ್ದವರು ಅತ್ತೇ ಬಿಡುತ್ತಾರೆ. ಮುನಿಗಳು ಸುಮ್ನೆ ಹೊರಟುಬಿಡುತ್ತಾರೆ. ಇನ್ನು ಎರಡರಿಂದ ನಾಲ್ಕು ತಿಂಗಳಿಗೊಮ್ಮೆ ಕೇಶಲೋಚ. ತಲೆಗೂದಲು, ಗಡ್ಡ ಎಲ್ಲ ಕೈಯಿಂದಲೇ ಕಿತ್ತುಕೊಳ್ಳಬೇಕು. ಆ ದಿನವೂ ಉಪವಾಸವೇ.

ನೀವು ನೋಡಿದ ಸೀಮೆಗೂ ಇದಕ್ಕೂ ಹಳೇ ನಂಟು. ಅಲ್ಲಿನ ಭೋಜ ಗ್ರಾಮದ ಪಾಟೀಲರ ಮನೆಯ ಸಾತಗೌಡರು 1920ರಲ್ಲಿ ಮುನಿದೀಕ್ಷೆ ಪಡೆದು, ಮುಂದೆ ಆಚಾರ್ಯ ಶಾಂತಿಸಾಗರರೆಂದು ಹೆಸರಾದರು. ದಿಗಂಬರ ಮುನಿಗಳೇ ಅಪರೂಪವಾಗಿದ್ದ ಕಾಲದಲ್ಲಿ ಉತ್ತರ ಭಾರತದವರೆಗೂ ನಡೆದರು. 1955ರಲ್ಲಿ ಮಹಾರಾಷ್ಟ್ರದ ಕುಂಥಲಗಿರಿಯಲ್ಲಿ ಸಲ್ಲೇಖನ, ಅಂದರೆ ಆಹಾರ ಬಿಟ್ಟು ಸಾವನ್ನು ಎದುರುಗೊಳ್ಳುವ ವ್ರತ, ಕೈಗೊಂಡು ದೇಹ ಬಿಟ್ಟರು. ಪಕ್ಕದ ಸದಲಗಾದಲ್ಲಿ ಬೆಳೆದ ಆಚಾರ್ಯ ವಿದ್ಯಾಸಾಗರರು 1968ರಲ್ಲಿ ಅಜ್ಮೇರಿನಲ್ಲಿ ದೀಕ್ಷೆ ಪಡೆದರು. ಉಪ್ಪು, ಸಕ್ಕರೆ ಎರಡನ್ನೂ ಬಿಟ್ಟಿದ್ದರು. ಬಯಲುಸೀಮೆಯ ಖಾರದೂಟ ಉಂಡು ಬೆಳೆದವರಿಗೆ ಉಪ್ಪು ಬಿಡುವುದು ಮನೆ ಬಿಡುವುದಕ್ಕಿಂತ ಜಾಸ್ತಿಯೇ ಇದ್ದೀತು!

ಕಾರು, ಪೆಂಡಾಲಿನ ಮಾತಿಗೆ ಬರೋಣ. ಅವು ಶ್ರಾವಕರವು, ಅಂದರೆ ಸಂಸಾರದಲ್ಲಿರುವ ಜೈನರವು. ಮುನಿಗಳು ವಾಹನ ಹತ್ತುವಂತಿಲ್ಲ. ಲಾರಿ ಓಡಾಡುವ ಹೆದ್ದಾರಿಯಲ್ಲಿ ನಡೆಯುವವರ ಹಿಂದೆ ಒಂದು ಗಾಡಿ ಇರಲೇಬೇಕು, ಅದು ಒಪ್ಪುವ ಮಾತು. ಮಳೆಗಾಲದ ನಾಲ್ಕು ತಿಂಗಳು ಒಂದೇ ಊರಲ್ಲಿ ನಿಂತಾಗ ಪ್ರವಚನಕ್ಕೆ ಪೆಂಡಾಲೂ ಬೇಕಾಗುತ್ತದೆ. ಫ್ಲೆಕ್ಸಿಗೆ ಮಾತ್ರ ನನಗೂ ಯಾವ ಕಾರಣವೂ ಹೊಳೆಯುತ್ತಿಲ್ಲ.

– ಸಂಪಾದಕ